ಕ್ಯಾಮೆರಾಮನ್ ನಿರ್ದೇಶಕನಾಗುವ ವಿಧಾನ: ಬಳಕೆದಾರರ ಕೈಪಿಡಿ

ಬಳಸುವ ಮುನ್ನ ಓದಿ

ವರ್ಷಗಟ್ಟಲೆ ಬೇರೆಯವರ ಕಥೆಗೆ ಬೆಳಕು ಮಾಡಿಕೊಟ್ಟು, ಈಗ ತಮ್ಮದೇ ಕಥೆಗೆ ‘ಆ್ಯಕ್ಷನ್’ ಎಂದು ಕೂಗಬೇಕೆನಿಸಿರುವ ಛಾಯಾಗ್ರಾಹಕರಿಗಾಗಿ ಈ ಕೈಪಿಡಿ. ಹಾಗೆ ಅನಿಸುವುದಕ್ಕೆ ಸಾಮಾನ್ಯವಾಗಿ ಮೂರು ಕಾರಣಗಳಿರುತ್ತವೆ. ಒಂದು, ಪ್ರಾಣ ಕೊಟ್ಟು ತೆಗೆದ ಶಾಟನ್ನು ನಿರ್ದೇಶಕರು ಎಡಿಟಿಂಗ್‌ನಲ್ಲಿ ಹಾರಿಸಿದರು. ಎರಡು, ಪೋಸ್ಟರಿನಲ್ಲಿ ನಿಮ್ಮ ಹೆಸರು ಓದಲು ಕನ್ನಡಕ ಬೇಕಾಯಿತು. ಮೂರು, ನಿಮ್ಮಲ್ಲಿ ಹೇಳಲೇಬೇಕಾದ ಮಾತೊಂದಿದೆ. ಮೊದಲೆರಡು ಕಾರಣದವರು ನಾಲ್ಕು ದಿನ ಊರಿಗೆ ಹೋಗಿ ಬನ್ನಿ, ತಾನಾಗಿ ವಾಸಿಯಾಗುತ್ತದೆ. ಮೂರನೆಯವರು ಪುಟ ತಿರುಗಿಸಿ.

ನಮೂನೆ

ಇಲ್ಲಿ ವಿವರಿಸಿರುವ ನಮೂನೆ ಛಾಯಾಗ್ರಾಹಕ-ನಿರ್ದೇಶಕ ಗೋವಿಂದ ನಿಹಲಾನಿ. ತಯಾರಾದದ್ದು 1940ರಲ್ಲಿ, ಕರಾಚಿಯಲ್ಲಿ. ದೇಶ ಒಡೆದಾಗ ಉದಯಪುರಕ್ಕೆ ಸ್ಥಳಾಂತರ. ಜೋಡಣೆ ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ. ಛಾಯಾಗ್ರಹಣ ಕಲಿತು ಹೊರಬಿದ್ದದ್ದು 1962ರಲ್ಲಿ. ನಿಮ್ಮ ಕೈಗೆ ಬಂದಿರುವ ನಮೂನೆ ಇದಕ್ಕಿಂತ ಭಿನ್ನವಾಗಿರಬಹುದು. ಅದಕ್ಕೆ ಕಂಪನಿ ಹೊಣೆಯಲ್ಲ.

ಹಂತ 1: ದೊಡ್ಡವರ ಹಿಂದೆ ನಿಲ್ಲಿ

ಪಾಲಿಟೆಕ್ನಿಕ್ ಬಿಟ್ಟ ನಿಹಲಾನಿ ಮುಂಬೈಯಲ್ಲಿ ವಿ.ಕೆ. ಮೂರ್ತಿಯವರ ಸಹಾಯಕರಾದರು. ಮೂರ್ತಿ ಮೈಸೂರಿನವರು, ಅದೇ ಪಾಲಿಟೆಕ್ನಿಕ್‌ನಲ್ಲಿ ಓದಿದವರು, ಗುರುದತ್ತರ ಕಣ್ಣಾಗಿದ್ದವರು. ‘ಕಾಗಜ್ ಕೇ ಫೂಲ್’ ಚಿತ್ರಕ್ಕಾಗಿ ಹೊರಗಿನ ಬಿಸಿಲನ್ನು ಕನ್ನಡಿಗಳಿಂದ ಸ್ಟುಡಿಯೋದೊಳಕ್ಕೆ ಹಾಯಿಸಿ ಬೆಳಕಿನ ಕೋಲು ನಿಲ್ಲಿಸಿದವರು. ಇಂಥವರ ಹಿಂದೆ ನಿಂತಾಗ ಬಾಯಿ ಮುಚ್ಚಿರಲಿ, ಕಣ್ಣು ತೆರೆದಿರಲಿ.

ಎಚ್ಚರಿಕೆ: ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರವಾದ ‘ಕಾಗಜ್ ಕೇ ಫೂಲ್’ 1959ರಲ್ಲಿ ಬಿಡುಗಡೆಯಾಗಿ ನೆಲಕಚ್ಚಿತು. ಗುರುದತ್ ಆಮೇಲೆ ನಿರ್ದೇಶಕನೆಂದು ತಮ್ಮ ಹೆಸರನ್ನೇ ಹಾಕಿಕೊಳ್ಳಲಿಲ್ಲ. ಚೆಂದದ ಬೆಳಕು ಟಿಕೆಟ್ ಮಾರುವುದಿಲ್ಲ. ಈ ಸಾಲನ್ನು ಕತ್ತರಿಸಿ ಲೈಟ್ ಮೀಟರಿನ ಬೆನ್ನಿಗೆ ಅಂಟಿಸಿಕೊಳ್ಳಿ.

ಹಂತ 2: ಬರೆಯುವವರ ಪಕ್ಕ ಕೂತು ಊಟ ಮಾಡಿ

ಸೆಟ್ಟಿನಲ್ಲಿ ಕ್ಯಾಮೆರಾಮನ್ ಸಾಮಾನ್ಯವಾಗಿ ಲೈಟ್‌ಬಾಯ್‌ಗಳ ಜೊತೆ, ಇಲ್ಲವೇ ನಿರ್ಮಾಪಕರ ಜೊತೆ ಊಟಕ್ಕೆ ಕೂರುತ್ತಾರೆ. ಎರಡರಿಂದಲೂ ಕಥೆ ಹುಟ್ಟುವುದಿಲ್ಲ. ನಿಹಲಾನಿ 1971ರ ಮರಾಠಿ ಚಿತ್ರ ‘ಶಾಂತತಾ! ಕೋರ್ಟ್ ಚಾಲೂ ಆಹೇ’ಗೆ ಕ್ಯಾಮೆರಾ ಹಿಡಿದರು. ನಿರ್ದೇಶನ ಸತ್ಯದೇವ ದುಬೆಯವರದು, ಮೂಲ ನಾಟಕ ವಿಜಯ್ ತೆಂಡೂಲ್ಕರರದು. 1973ರಲ್ಲಿ ಕನ್ನಡದ ‘ಕಾಡು’; ಗಿರೀಶ ಕಾರ್ನಾಡರ ನಿರ್ದೇಶನ, ಶ್ರೀಕೃಷ್ಣ ಆಲನಹಳ್ಳಿಯವರ ಕಾದಂಬರಿ. ಆಮೇಲೆ ಶ್ಯಾಮ್ ಬೆನೆಗಲ್ ಚಿತ್ರಗಳ ಸಾಲು: ‘ಅಂಕುರ್’, ‘ನಿಶಾಂತ್’, ‘ಮಂಥನ್’, ‘ಭೂಮಿಕಾ’, ‘ಜುನೂನ್’. ಕೊನೆಯದಕ್ಕೆ ಛಾಯಾಗ್ರಹಣದ ರಾಷ್ಟ್ರಪ್ರಶಸ್ತಿಯೂ ಬಂತು. ಈ ಪಟ್ಟಿಯನ್ನು ಇನ್ನೊಮ್ಮೆ ನೋಡಿ. ನಾಟಕಕಾರರು, ಕಾದಂಬರಿಕಾರರು, ರಂಗಭೂಮಿಯ ನಟರು. ಹತ್ತು ವರ್ಷ ಅವರ ನಡುವೆ ಓಡಾಡಿದ್ದೇ ನಿಹಲಾನಿಯವರ ನಿರ್ದೇಶನದ ತರಗತಿ. ಲೆನ್ಸ್ ಪೆಟ್ಟಿಗೆ ಎಷ್ಟೇ ದೊಡ್ಡದಿರಲಿ, ಅದರಲ್ಲಿ ಕಥೆ ಇಡುವ ಖಾನೆ ಇರುವುದಿಲ್ಲ.

ಹಂತ 3: ಮೊದಲ ಚಿತ್ರದಲ್ಲಿ ನಿಮಗೆ ಬರುವುದನ್ನೇ ಮಾಡಿ

ನಿಹಲಾನಿಯವರ ಮೊದಲ ನಿರ್ದೇಶನ 1980ರ ‘ಆಕ್ರೋಶ್’. ಬರೆದವರು ತೆಂಡೂಲ್ಕರ್. ಹೆಂಡತಿಯನ್ನು ಕೊಂದ ಆರೋಪ ಹೊತ್ತ ಆದಿವಾಸಿ ಕೂಲಿಯೊಬ್ಬ ತನ್ನ ವಕೀಲನಿಗೂ ಬಾಯಿ ಬಿಡುವುದಿಲ್ಲ. ಆ ಪಾತ್ರದಲ್ಲಿ ಓಂ ಪುರಿ ಚಿತ್ರದ ಬಹುಭಾಗ ಮೌನವಾಗಿಯೇ ಇರುತ್ತಾರೆ. ಕೊನೆಗೆ ಕೇಳಿಸುವುದು ಚೀತ್ಕಾರ. ಹೊಸ ನಿರ್ದೇಶಕನಿಗೆ ಇದಕ್ಕಿಂತ ಬುದ್ಧಿವಂತಿಕೆಯ ಆಯ್ಕೆ ಬೇರೊಂದಿಲ್ಲ. ಮಾತಾಡದವನ ಮುಖ ಓದುವುದನ್ನೇ ಕ್ಯಾಮೆರಾಮನ್ ಜೀವಮಾನವಿಡೀ ಮಾಡಿರುತ್ತಾನೆ. ಕ್ಯಾಮೆರಾ ನಿಹಲಾನಿಯವರದೇ ಇತ್ತು. ಭಾರತದ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಸ್ವರ್ಣಮಯೂರ ಬಂತು. ನೀವೂ ಮೊದಲ ಚಿತ್ರಕ್ಕೆ ಪುಟಗಟ್ಟಲೆ ಸಂಭಾಷಣೆಯ ಅವಿಭಕ್ತ ಕುಟುಂಬದ ಕಥೆ ಆರಿಸಿಕೊಳ್ಳಬೇಡಿ. ಅದಕ್ಕೆ ಬೇರೆ ಕೈಪಿಡಿ ಇದೆ.

ಹಂತ 4: ಕ್ಯಾಮೆರಾ ಯಾರ ಕೈಗೆ?

ಬಳಕೆದಾರರು ಹೆಚ್ಚಾಗಿ ಎಡವುವುದು ಈ ಹಂತದಲ್ಲಿ. ಲಭ್ಯವಿರುವ ವಿಧಾನಗಳು ಎರಡು.

ವಿಧಾನ ಅ: ಕೊಡಬೇಡಿ. ಬಾಲು ಮಹೇಂದ್ರ ಕೊಡಲಿಲ್ಲ. ಶ್ರೀಲಂಕಾದಲ್ಲಿ ಹುಟ್ಟಿ, ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ಕಲಿತು, ಮಲಯಾಳಂನಲ್ಲಿ ಹೆಸರು ಮಾಡಿದ ಈ ತಮಿಳರು ನಿರ್ದೇಶಕರಾದದ್ದು ಕನ್ನಡದಲ್ಲಿ: 1977ರ ‘ಕೋಕಿಲ’. ಕಮಲ್ ಹಾಸನ್, ಶೋಭಾ ಇದ್ದ ಆ ಕಪ್ಪು-ಬಿಳುಪು ಚಿತ್ರಕ್ಕೆ ಅವರಿಗೆ ಛಾಯಾಗ್ರಹಣದ ರಾಷ್ಟ್ರಪ್ರಶಸ್ತಿ ಬಂತು. ಅಂದರೆ ನಿರ್ದೇಶಕ ಬಾಲು ಮೊದಲು ಕೆಲಸ ಕೊಟ್ಟದ್ದು ಕ್ಯಾಮೆರಾಮನ್ ಬಾಲುಗೆ, ಅವನು ಪ್ರಶಸ್ತಿ ತಂದು ಋಣ ತೀರಿಸಿದ. ಈ ವಿಧಾನದ ಅಪಾಯವೇನೆಂದರೆ ‘ಇದು ಬೇಡ’ ಎನ್ನುವವರು ಸೆಟ್ಟಿನಲ್ಲಿ ಯಾರೂ ಇರುವುದಿಲ್ಲ. ನೀವೇ ನಿಮಗೆ ಹೇಳಿಕೊಳ್ಳಬೇಕು. ಬಾಲು ಹೇಳಿಕೊಂಡರು ಎಂಬುದಕ್ಕೆ ಸಾಕ್ಷಿ 1988ರ ‘ವೀಡು’. ಮದ್ರಾಸಿನಲ್ಲಿ ಒಂದು ಸಣ್ಣ ಮನೆ ಕಟ್ಟಿಸಲು ಹೆಣಗುವ ಉದ್ಯೋಗಸ್ಥ ಹೆಣ್ಣಿನ ಕಥೆಯಲ್ಲಿ ‘ನೋಡಿ, ಎಂಥ ಫ್ರೇಮು’ ಎಂದು ಎದೆ ತಟ್ಟಿಕೊಳ್ಳುವ ಶಾಟ್ ಹುಡುಕಿದರೂ ಸಿಗುವುದು ಕಷ್ಟ. ನೆನಪಿನಲ್ಲಿ ಉಳಿಯುವುದು ನಟಿ ಅರ್ಚನಾ ಅವರ ಮುಖ ಮತ್ತು ಅರ್ಧಕ್ಕೆ ನಿಂತ ಗೋಡೆಗಳು.

ವಿಧಾನ ಆ: ಕೊಟ್ಟುಬಿಡಿ. ಮಲಯಾಳಂ ನಿರ್ದೇಶಕ ಅರವಿಂದನ್ ಚಿತ್ರಗಳ ಛಾಯಾಗ್ರಾಹಕರಾಗಿದ್ದ ಶಾಜಿ ಎನ್. ಕರುಣ್ 1988ರಲ್ಲಿ ‘ಪಿರವಿ’ ನಿರ್ದೇಶಿಸಿದಾಗ ಕ್ಯಾಮೆರಾವನ್ನು ಸನ್ನಿ ಜೋಸೆಫರಿಗೆ ಒಪ್ಪಿಸಿದರು. ನಿಹಲಾನಿಯಂತೂ ಅದೇ ವರ್ಷ ದೂರದರ್ಶನದಲ್ಲಿ ಪ್ರಸಾರವಾದ, ಭೀಷ್ಮ ಸಾಹನಿಯವರ ‘ತಮಸ್’ ತೆಗೆಯುವಾಗ ಕ್ಯಾಮೆರಾದ ಹಿಂದೆ ಕರೆತಂದು ನಿಲ್ಲಿಸಿದ್ದು ತಮ್ಮ ಗುರು ವಿ.ಕೆ. ಮೂರ್ತಿಯವರನ್ನು. ದೇಶ ವಿಭಜನೆಯ ಕಥೆ, ಕರಾಚಿಯಿಂದ ಬಂದ ಹುಡುಗನ ನಿರ್ದೇಶನ, ಮೈಸೂರಿನ ಮೇಷ್ಟ್ರ ಬೆಳಕು. ಗುರುವಿಗೆ ‘ಕಟ್’ ಹೇಳುವ ಧೈರ್ಯ ಬಂದ ದಿನ ಕ್ಯಾಮೆರಾಮನ್ ಪೂರ್ತಿ ನಿರ್ದೇಶಕನಾದ ಎಂದು ತಿಳಿಯತಕ್ಕದ್ದು.

ಎರಡೂ ವಿಧಾನಗಳ ತಿರುಳು ಒಂದೇ. ಶಾಟು ಚೆನ್ನಾಗಿದೆ ಎಂಬುದು ಅದನ್ನು ಉಳಿಸಿಕೊಳ್ಳಲು ಕಾರಣವಲ್ಲ. ನಿಮ್ಮ ಹಳೆಯ ನಿರ್ದೇಶಕರು ನಿಮ್ಮ ಶಾಟನ್ನು ಹಾರಿಸಿದ್ದೂ ಬಹುಶಃ ಇದೇ ಲೆಕ್ಕದಲ್ಲಿ.

ಹಂತ 5: ಹಳೆಯ ಕೆಲಸಕ್ಕೆ ರಾಜೀನಾಮೆ ಕೊಡಬೇಡಿ

‘ಆಕ್ರೋಶ್’ ಆದ ಮೇಲೂ ನಿಹಲಾನಿ ಬೆನೆಗಲ್‌ರ ‘ಕಲ್‌ಯುಗ್’ಗೆ ಕ್ಯಾಮೆರಾ ಹಿಡಿದರು, ಅಟೆನ್‌ಬರೋ ಅವರ ‘ಗಾಂಧಿ’ಯಲ್ಲಿ ಎರಡನೇ ಯೂನಿಟ್ ನೋಡಿಕೊಂಡರು. ‘ಮೂನ್ರಾಂ ಪಿರೈ’ ತೆಗೆದು ಪ್ರಸಿದ್ಧರಾಗಿದ್ದ ಬಾಲು ಮಹೇಂದ್ರ, 1983ರಲ್ಲಿ ಒಬ್ಬ ಹೊಸ ಹುಡುಗನ ಮೊದಲ ಚಿತ್ರಕ್ಕೆ ಛಾಯಾಗ್ರಹಣ ಮಾಡಿಕೊಟ್ಟರು. ಚಿತ್ರ ಕನ್ನಡದ ‘ಪಲ್ಲವಿ ಅನುಪಲ್ಲವಿ’, ಹುಡುಗ ಮಣಿರತ್ನಂ. ಕುರ್ಚಿ ಸಿಕ್ಕ ಮೇಲೆ ಲೆನ್ಸ್ ಮುಟ್ಟಿದರೆ ಮರ್ಯಾದೆ ಹೋಗುತ್ತದೆ ಎಂಬುದು ವದಂತಿ.

ದೋಷ ಪತ್ತೆ ಮತ್ತು ಪರಿಹಾರ

ತೊಂದರೆ: ಪ್ರಿವ್ಯೂ ಮುಗಿಸಿ ಹೊರಬಂದವರೆಲ್ಲ ‘ಫೋಟೋಗ್ರಫಿ ಸೂಪರ್ ಸಾರ್’ ಎನ್ನುತ್ತಿದ್ದಾರೆ.
ಪರಿಹಾರ: ಇಲ್ಲ. ಚಿತ್ರ ಬಿದ್ದಿದೆ. ಮನೆಗೆ ಹೋಗಿ ಮಲಗಿ.

ತೊಂದರೆ: ನಟನಿಗೆ ಏನು ಹೇಳಬೇಕೋ ತೋಚುತ್ತಿಲ್ಲ, ‘ಸ್ವಲ್ಪ ಎಡಕ್ಕೆ ಬನ್ನಿ, ಲೈಟ್ ತಗೊಳ್ಳಿ’ ಎಂದಷ್ಟೇ ಬಾಯಿಗೆ ಬರುತ್ತಿದೆ.
ಪರಿಹಾರ: ಜೊತೆಗಾರರನ್ನು ಹುಡುಕಿಕೊಳ್ಳಿ. ಕ್ಯಾಮೆರಾಮನ್ ದೊರೈರಾಜ್, ಎಸ್.ಕೆ. ಭಗವಾನ್ ಜೊತೆ ಸೇರಿ ‘ದೊರೈ-ಭಗವಾನ್’ ಆದರು. ‘ಜೇಡರ ಬಲೆ’, ‘ಕಸ್ತೂರಿ ನಿವಾಸ’, ‘ಎರಡು ಕನಸು’ಗಳನ್ನು ಕನ್ನಡಿಗರು ಇವತ್ತಿಗೂ ಟಿವಿಯಲ್ಲಿ ಬಂದಾಗ ಚಾನೆಲ್ ಬದಲಿಸದೆ ನೋಡುತ್ತಾರೆ.

ತೊಂದರೆ: ನಿಮ್ಮ ಚಿತ್ರವನ್ನು ಇನ್ನೊಬ್ಬ ಕ್ಯಾಮೆರಾಮನ್ ಮತ್ತೆ ತೆಗೆಯುತ್ತಿದ್ದಾರೆ.
ಪರಿಹಾರ: ಹೆಮ್ಮೆಪಡಿ. ನಿಹಲಾನಿಯವರ ‘ದ್ರೋಹಕಾಲ್’ ಅನ್ನು 1995ರಲ್ಲಿ ಪಿ.ಸಿ. ಶ್ರೀರಾಮ್ ತಮಿಳಿನಲ್ಲಿ ‘ಕುರುದಿಪ್ಪುನಲ್’ ಆಗಿಸಿದರು. ಅದು ಭಾರತದ ಪರವಾಗಿ ಆಸ್ಕರ್‌ಗೂ ಹೋಯಿತು.

ಖಾತರಿ

ಈ ಕೈಪಿಡಿಯ ಎಲ್ಲ ಹಂತಗಳನ್ನು ಪಾಲಿಸಿದರೂ ನೀವು ನಿರ್ದೇಶಕರಾಗುತ್ತೀರಿ ಎಂಬ ಖಾತರಿ ಇಲ್ಲ. ಆಗದಿದ್ದರೆ ನಷ್ಟವಾಯಿತು ಎಂದೂ ಇಲ್ಲ. ವಿ.ಕೆ. ಮೂರ್ತಿಯವರಿಗೆ 2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಸಂದಿತು. ಛಾಯಾಗ್ರಾಹಕರೊಬ್ಬರಿಗೆ ಆ ಗೌರವ ಸಿಕ್ಕಿದ್ದು ಅದೇ ಮೊದಲು. ಸಿಕ್ಕಿದ್ದು ಬೇರೆಯವರ ಚಿತ್ರಗಳಿಗೆ ಕೊಟ್ಟ ಬೆಳಕಿಗಾಗಿ. ಆದ್ದರಿಂದ ನಿರ್ದೇಶನವನ್ನು ಬಡ್ತಿ ಎಂದು ತಿಳಿಯಬೇಡಿ, ಅದು ಬೇರೆಯೇ ಕಸುಬು. ಹೇಳುವ ಮಾತಿದ್ದರೆ ಹೋಗಿ. ಇಲ್ಲದಿದ್ದರೆ ಇದ್ದಲ್ಲೇ ನಿಂತು ಒಳ್ಳೆಯ ಬೆಳಕು ಮಾಡಿ. ನಿರ್ದೇಶಕರೇನೋ ಬೇಕಾದಷ್ಟು ಸಿಗುತ್ತಾರೆ, ಬೆಳಕು ಬಲ್ಲವರು ಸಿಗುವುದು ಕಡಿಮೆ.