ಆರಿದ್ರಾ ಮೂರನೇ ಪಾದ

ಕ್ಯಾಲಿಫೋರ್ನಿಯಾದಲ್ಲಿ ಮಗು ಹುಟ್ಟಿದರೆ ಸೋಮವಾರಪೇಟೆಯಲ್ಲಿ ಕದನ ಶುರುವಾಗುತ್ತದೆ. ಆಸ್ಪತ್ರೆಯವರು ಬಾಣಂತಿಯನ್ನು ಮನೆಗೆ ಕಳಿಸುವ ಮೊದಲೇ ಜನನ ಪತ್ರದ ಫಾರಂ ತಂದು ಮುಂದಿಡುತ್ತಾರೆ. ಹನ್ನೊಂದನೇ ದಿನದ ನಾಮಕರಣಕ್ಕೆ ಅಲ್ಲಿ ಯಾರೂ ಕಾಯುವುದಿಲ್ಲ. ಸೊಸೆಯ ಕೈಯಲ್ಲಿ ಎರಡಕ್ಷರ ಮೀರದ ಹೆಸರುಗಳ ಪಟ್ಟಿ: ನೀಲ್, ಜಯ್, ರಿಷಿ. ಅಲ್ಲಿಯವರ ಬಾಯಿಗೆ ಸಲೀಸು ಅನ್ನುವುದು ಅವಳ ವಾದ. ಅಜ್ಜಿಯ ಕೈಯಲ್ಲಿ ಪಂಚಾಂಗ. ಫೋನಿನ ಪರದೆಯ ಆಚೆಯಿಂದ ಮಗ ಇಬ್ಬರಿಗೂ ತಲೆಯಾಡಿಸುತ್ತಾ ಡಯಾಪರ್ ಬದಲಾಯಿಸುತ್ತಾನೆ. ನನ್ನ ಮಟ್ಟಿಗೆ ಈ ಜಗಳವೇ ದಂಡ. ಪರದೇಶಿಗಳ ನಾಲಿಗೆಗೆ ಹೆದರಿ ಹೆಸರಿಡುವುದರಿಂದ ಏನೂ ಉಳಿಯುವುದಿಲ್ಲ, ಶಾಸ್ತ್ರಕ್ಕೆ ಹೆದರಿ ಇಟ್ಟರೂ ಅಷ್ಟೇ. ಹೆಸರು ಮೊದಲು ಕುಲಗೆಡುವುದು ಮನೆಯೊಳಗೆ, ಕೆಡಿಸುವವರು ಹಟ ಹಿಡಿದು ಅದನ್ನಿಟ್ಟವರೇ.

ಮೊದಲು ಶಾಸ್ತ್ರವನ್ನೇ ನೋಡೋಣ. ಒಂದೊಂದು ನಕ್ಷತ್ರಕ್ಕೆ ನಾಲ್ಕು ಪಾದ, ಪಾದಕ್ಕೊಂದು ಅಕ್ಷರ. ಮಗು ಆರಿದ್ರಾ ಮೂರನೇ ಪಾದದಲ್ಲಿ ಹುಟ್ಟಿತೋ, ಸಿಕ್ಕುವ ಅಕ್ಷರ 'ಙ'. ಕಾಗುಣಿತ ಕಲಿತ ದಿನದಿಂದ ಯಾರೂ ತಿರುಗಿ ನೋಡದ ಅಕ್ಷರ ಅದು. ಒಂದನೇ ತರಗತಿಯ ಗೋಡೆಯ ಮೇಲೆ 'ಅ'ಗೆ ಅರಸ, 'ಆ'ಗೆ ಆನೆ ಎಂದು ಚಿತ್ರ ಬರೆಸಿದ ಮೇಷ್ಟ್ರು ಕೂಡ ಇದರ ಎದುರಿನ ಜಾಗವನ್ನು ಖಾಲಿ ಬಿಡಬೇಕಾಗುತ್ತದೆ. ಕನ್ನಡದ ಒಂದು ಪದವೂ ತನ್ನ ಬಾಗಿಲಲ್ಲಿ ಕೂರಿಸದ ಅಕ್ಷರದಿಂದ ಒಂದು ಗಂಡುಮಗುವಿನ ಬದುಕು ಆರಂಭವಾಗಬೇಕು. ಙರಸಿಂಹನೇ? ಙಂಜುಂಡನೇ? ಅಜ್ಜಿ ಮೂಗಿನಲ್ಲೇ ಅದನ್ನು ಹೇಳಿ ತೋರಿಸುವಾಗ ಅತ್ತ ಸೊಸೆಗೆ ನೆಗಡಿಯ ಸದ್ದು ಕೇಳಿಸುತ್ತದೆ, ಕಷಾಯ ಕುಡಿಯಿರಿ ಅನ್ನುತ್ತಾಳೆ. ಜೋಯಿಸರು ಇಂಥ ಕಡೆ ಸದ್ದಿಲ್ಲದೆ 'ಗ' ಕೊಟ್ಟು ದಕ್ಷಿಣೆ ಪಡೆಯುತ್ತಾರೆ. ಆದರೆ ಅಜ್ಜಿಗೆ ಜೋಯಿಸರಿಗಿಂತ ಪಂಚಾಂಗದ ಮೇಲೆ ನಂಬಿಕೆ ಹೆಚ್ಚು. ಅಷ್ಟರಲ್ಲಿ ಯಾರಾದರೂ ಗಡಿಯಾರದ ಲೆಕ್ಕ ಎತ್ತಿದರೆ ಕತೆ ಮಗುಚುತ್ತದೆ. ಚಂದ್ರ ಒಂದು ಪಾದ ದಾಟಲು ಸುಮಾರು ಆರು ಗಂಟೆ ಬೇಕು. ಬೇಸಿಗೆಯಲ್ಲಿ ಕ್ಯಾಲಿಫೋರ್ನಿಯಾ ನಮಗಿಂತ ಹನ್ನೆರಡೂವರೆ ಗಂಟೆ ಹಿಂದೆ. ಅಲ್ಲಿಯ ರಾತ್ರಿ ಎಂಟು ಗಂಟೆಯನ್ನು ಅಜ್ಜಿ ಇಲ್ಲಿಯ ರಾತ್ರಿ ಎಂಟೆಂದೇ ಹಿಡಿದಿದ್ದರೆ, ಎರಡು ಪಾದ ಎಡವಿದ್ದಾರೆ. ಮೂರನೇ ಪಾದಕ್ಕೆ ಎರಡು ಸೇರಿಸಿದರೆ ಆರಿದ್ರಾ ಮುಗಿದು ಪುನರ್ವಸು ಒಂದನೇ ಪಾದ. ಶ್ರೀರಾಮನ ನಕ್ಷತ್ರ! ಅಜ್ಜಿ ಕೈಮುಗಿಯುತ್ತಾರೆ. ಅಕ್ಷರ 'ಕೆ'. ಸೊಸೆಯೂ ಕೈಮುಗಿಯುತ್ತಾಳೆ, ಯಾಕೆಂದರೆ ಈಗ 'ಕೆವಿನ್' ಎಂದು ಬರೆಸಿದರೆ ಶಾಸ್ತ್ರದ ಪ್ರಕಾರ ಯಾರೂ ಚಕಾರವೆತ್ತುವಂತಿಲ್ಲ.

ಬಾಯಿಗೆ ಸಲೀಸು ಅನ್ನುವ ವಾದಕ್ಕೆ ಉತ್ತರ ಸೋಮವಾರಪೇಟೆ ತಾಲ್ಲೂಕಿನಲ್ಲೇ ಇದೆ. ಶನಿವಾರಸಂತೆಯಲ್ಲಿ ಹುಟ್ಟಿದ ಕೊಡಂದೇರ ಮಾದಪ್ಪ ಕಾರ್ಯಪ್ಪನವರ ಹೆಸರು ಫತೇಗಢದಲ್ಲಿ ಬ್ರಿಟಿಷ್ ಅಧಿಕಾರಿಯೊಬ್ಬರ ಹೆಂಡತಿಯ ಬಾಯಿಗೆ ಹೊರಳಲಿಲ್ಲ. ಆಕೆ 'ಕಿಪ್ಪರ್' ಅಂದುಬಿಟ್ಟರು. ಕಿಪ್ಪರ್ ಅಂದರೆ ಇಂಗ್ಲಿಷರು ಬೆಳಗಿನ ತಿಂಡಿಗೆ ತಿನ್ನುವ, ಹೊಗೆ ಹಾಕಿ ಒಣಗಿಸಿದ ಮೀನು. ಆ ಮೀನಿನ ಹೆಸರು ಅವರಿಗೆ ಕಡೆತನಕ ಅಂಟಿಕೊಂಡಿತು. 1949ರ ಜನವರಿ 15ರಂದು ಭಾರತದ ಸೇನೆಯ ಮೊದಲ ಭಾರತೀಯ ದಂಡನಾಯಕರಾಗುವುದನ್ನು ಮಾತ್ರ ಅದು ತಡೆಯಲಿಲ್ಲ. ಮಡಿಕೇರಿಯ ತಿಮ್ಮಯ್ಯನವರು 'ಟಿಮ್ಮಿ' ಆಗಿಯೇ 1957ರಲ್ಲಿ ಅದೇ ಕುರ್ಚಿಯಲ್ಲಿ ಕುಳಿತರು. ಇನ್ನೂ ಸ್ವಾರಸ್ಯವೆಂದರೆ ಕಾರ್ಯಪ್ಪನವರನ್ನು ಮನೆಯವರು ಕರೆಯುತ್ತಿದ್ದುದು 'ಚಿಮ್ಮ' ಎಂದು. ಬ್ರಿಟಿಷ್ ದೊರೆಸಾನಿಗಿಂತ ಮೊದಲೇ ಹೆಸರನ್ನು ಚಿವುಟಿದವರು ಮನೆಯವರೇ. (ಘಾನಾ ದೇಶದ ಅಕಾನ್ ಜನರ ಹಾಗೆ ಹುಟ್ಟಿದ ವಾರದ ಹೆಸರನ್ನೇ ಇಟ್ಟುಬಿಟ್ಟರೆ ಈ ತಲೆನೋವೇ ಇಲ್ಲ: ಶನಿವಾರ ಹುಟ್ಟಿದವನು ಕ್ವಾಮೆ, ಸೋಮವಾರದವನು ಕೋಜೊ. ಊರುಗಳಿಗೆ ವಾರದ ಹೆಸರಿಟ್ಟುಕೊಂಡ ನಮ್ಮ ತಾಲ್ಲೂಕು ಮಕ್ಕಳಿಗೆ ಯಾಕೆ ಹಿಂಜರಿಯಿತೋ.)

ಸೊಸೆಯ ಪರವಾಗಿ ಒಂದು ಗಟ್ಟಿ ಆಕ್ಷೇಪವಿದೆ, ಅದನ್ನು ನಗೆಯಾಡಿ ತಳ್ಳಿಹಾಕಲಾಗದು. 2004ರಲ್ಲಿ ಪ್ರಕಟವಾದ ಅಧ್ಯಯನವೊಂದಕ್ಕಾಗಿ ಬಾಸ್ಟನ್ ಮತ್ತು ಷಿಕಾಗೊದ ಕೆಲಸದ ಜಾಹೀರಾತುಗಳಿಗೆ ಹೆಸರು ಮಾತ್ರ ಬೇರೆ ಇದ್ದ ಅರ್ಜಿಗಳನ್ನು ಕಳಿಸಿದರು. ಬಿಳಿಯರದೆನಿಸುವ ಹೆಸರುಗಳಿಗೆ ಕರಿಯರದೆನಿಸುವ ಹೆಸರುಗಳಿಗಿಂತ ಶೇ. 50ರಷ್ಟು ಹೆಚ್ಚು ಕರೆ ಬಂದವು. ಮಗನ ಅರ್ಜಿ ಕಸದ ಬುಟ್ಟಿಗೆ ಬೀಳಬಾರದೆಂಬ ತಾಯಿಯ ಭಯ ಸುಮ್ಮನೆ ಹುಟ್ಟಿದ್ದಲ್ಲ. ಆದರೆ ಅದಕ್ಕೆ ಕೆವಿನ್ ಮದ್ದೇ? 'ಹೋಮ್ ಅಲೋನ್' ಸಿನಿಮಾದ ಅಲೆಯಲ್ಲಿ ಜರ್ಮನಿಯ ತಾಯಂದಿರು ಗಂಡುಮಕ್ಕಳಿಗೆ ಸಾಲುಸಾಲಾಗಿ ಕೆವಿನ್ ಎಂದಿಟ್ಟರು. 2009ರಲ್ಲಿ ಓಲ್ಡನ್‌ಬರ್ಗ್ ವಿಶ್ವವಿದ್ಯಾಲಯದವರು ಶಾಲಾ ಶಿಕ್ಷಕರನ್ನು ವಿಚಾರಿಸಿದಾಗ ಗೊತ್ತಾದದ್ದು: ಕೆವಿನ್ ಅಂದರೆ ಪೋಕರಿ, ಓದಿನಲ್ಲಿ ಹಿಂದೆ ಎಂದು ಅವರು ಮೊದಲೇ ತೀರ್ಮಾನಿಸಿರುತ್ತಾರೆ. ಹಳೆಯ ಐರಿಷ್ ಸಂತನೊಬ್ಬನ ಹೆಸರಿಗೇ ಈ ಗತಿ. ಓದುವವನ ಕಣ್ಣು ಸೊಟ್ಟಗಿದ್ದರೆ ಸಲೀಸಾದ ಹೆಸರೂ ಸೊಟ್ಟಗೇ ಕಾಣುತ್ತದೆ.

ಹಾಗಾದರೆ ತಾತನ ಹೆಸರಿಡಬಾರದೇ ಎಂದು ಕೇಳುವವರಿದ್ದಾರೆ. ಇಡಬಹುದು, ಕರೆಯುವವರು ಯಾರು? ಮಗುವಿಗೆ ಮಲ್ಲಪ್ಪ ಎಂದಿಟ್ಟರೆ, ಗಂಡನ ಹೆಸರು ಬಾಯಿಗೆ ತಾರದ ಅಜ್ಜಿ ಕರೆಯಲಾರರು. ಮಾವನ ಹೆಸರು ಹಿಡಿದು ಗದರಲಾರದ ಸೊಸೆಯೂ ಕರೆಯಲಾರಳು. ಮಗು ವಾರದೊಳಗೆ ಪುಟ್ಟ, ತಿಂಗಳೊಳಗೆ ಗುಂಡ. ತಾತನ ಸ್ಥಿತಿಯೂ ಅಂಥದ್ದೇ: ಪಹಣಿಯಲ್ಲಿ ಮಲ್ಲಪ್ಪ, ಆಧಾರಿನಲ್ಲಿ ಮಲ್ಲೇಶಪ್ಪ, ಮತದಾರರ ಪಟ್ಟಿಯಲ್ಲಿ ಮಲ್ಲೇಶ್, ಸಂತೆಯಲ್ಲಿ ತೋಟದಮನೆ ಯಜಮಾನರು, ದಾಖಲೆಯ ಈ ಮೂವರೂ ಒಬ್ಬರೇ ಎಂದು ಬ್ಯಾಂಕಿಗೆ ಅಫಿಡವಿಟ್ಟು ಬರೆದುಕೊಟ್ಟವರು. ಇಷ್ಟಾಗಿ ಅಜ್ಜಿಯ ಬಾಯಿಯಲ್ಲಿ ಕೆವಿನ್ ಎಷ್ಟು ದಿನ ಕೆವಿನ್ ಆಗಿರಬಲ್ಲ? ಕೆವ್ವಿ, ಕೆಂಪಿ, ಕೊನೆಗೆ ಕೆಂಪ. ಪರದೆಯಲ್ಲಿ ಮಗು ಆ ಕರೆಗೇ ತಿರುಗಿ ನೋಡುತ್ತದೆ, ಅಮ್ಮ ಕರೆದ ಹೆಸರಿಗಲ್ಲ. ಮುಂದೊಂದು ದಿನ ಕಾಫಿ ತೋಟ ಅವನ ಪಾಲಿಗೆ ಬಂದಾಗ ಪಹಣಿಯಲ್ಲಿ 'ಕೆವಿನ್ ಬಿನ್' ಎಂದು ಬರೆಯಬೇಕಾಗುತ್ತದೆ. ಬರೆಯುವವರು ಕೆ. ವಿನ್ ಎಂದು ಬಿಡಿಸಿಕೊಂಡು, ಕೆ ಅಂದರೆ ಯಾವ ಊರು ಎಂದು ಕೇಳುತ್ತಾರೆ. ಕೊಡ್ಲಿಪೇಟೆ ಅಂದರೆ ಸಾಕು, ಕೆಲಸ ಬೇಗ ಆಗುತ್ತದೆ.