ಹೊಸಪೇಟೆ ಸೀಮೆಯ ತಗಡು ಶಾಸನಗಳು

ಹಂಪಿಯಲ್ಲಿ ಶಾಸನವೆಂದರೆ ಕಲ್ಲು ಎಂಬ ಮೂಢನಂಬಿಕೆ ವಿದ್ವಾಂಸರಲ್ಲಿ ಆಳವಾಗಿ ಬೇರೂರಿದೆ. ಮೆಕೆಂಜಿ 1799ರಲ್ಲಿ ಬಂದು ನಕಾಶೆ ಮಾಡಿಸಿದ. ಸಿವೆಲ್ 1900ರಲ್ಲಿ ಮರೆತುಹೋದ ಸಾಮ್ರಾಜ್ಯದ ಬಗ್ಗೆ ಪುಸ್ತಕವನ್ನೇ ತಂದ. ಇಬ್ಬರಲ್ಲಿ ಒಬ್ಬನೂ ಕಂಪ್ಲಿಯ ಅಕ್ಕಿ ಗಿರಣಿಯೊಳಗೆ ಬಗ್ಗಿ ಪ್ಯಾನೆಲ್ ಬೋರ್ಡಿನ ತಗಡು ಓದಲಿಲ್ಲ. ಆಗ ಕರೆಂಟೇ ಇರಲಿಲ್ಲವಲ್ಲ ಎಂಬ ಆಕ್ಷೇಪವನ್ನು ಅಡಿಟಿಪ್ಪಣಿಗೆ ಹಾಕಬಹುದು. ಈ ಪ್ರಬಂಧಕ್ಕೆ ಅಡಿಟಿಪ್ಪಣಿ ಇಲ್ಲ.

ತಗಡು ಶಾಸನದ ಲಕ್ಷಣ ಶಿಲಾಶಾಸನದ್ದೇ. ಕಲ್ಲಿನ ತಲೆಯ ಮೇಲೆ ಸೂರ್ಯ, ಚಂದ್ರ. ತಗಡಿನ ತಲೆಯ ಮೇಲೆ ಕಂಪನಿಯ ಲಾಂಛನ, ಪಕ್ಕದಲ್ಲಿ ಗೀಟು ಹೊಡೆದ ಕಸದ ಡಬ್ಬಿ. ಆಮೇಲೆ ಬಿರುದಾವಳಿ: ಅಲ್ಲಿ ಮೂರುರಾಯರ ಗಂಡ, ಇಲ್ಲಿ ಮೂರು ಫೇಸ್, 415 ವೋಲ್ಟ್. ಕೊನೆಗೆ ಶಾಪಾಶಯ. ದತ್ತಿ ಕೆಡಿಸಿದವನು ಅರವತ್ತು ಸಾವಿರ ವರ್ಷ ಹುಳುವಾಗಿ ಹುಟ್ಟುತ್ತಾನೆ ಎಂದು ಕಲ್ಲು ಹೆದರಿಸಿದರೆ, ಸೀಲು ಕಿತ್ತವನಿಗೆ ವಾರಂಟಿ ಇಲ್ಲ ಎಂದು ತಗಡು ಹೆದರಿಸುತ್ತದೆ. ಎರಡನೆಯದಕ್ಕೇ ಜನ ಹೆಚ್ಚು ಹೆದರುವುದು.

ಇನ್ನು ಕಾಲನಿರ್ಣಯ. ವಿರೂಪಾಕ್ಷ ಗುಡಿಯಲ್ಲಿರುವ ಕೃಷ್ಣದೇವರಾಯನ ಶಾಸನದಲ್ಲಿ ಶಕವರ್ಷ 1430 ಎಂದೂ ಇದೆ, ಶುಕ್ಲ ಸಂವತ್ಸರ ಎಂದೂ ಇದೆ; ಲೆಕ್ಕ ಹಾಕಿದರೆ ಒಂದು ವರ್ಷ ಕೂಡಿ ಬರುವುದಿಲ್ಲ. ಸಂವತ್ಸರವೊಂದನ್ನೇ ನಂಬೋಣವೆಂದರೆ ಅರವತ್ತು ವರ್ಷಕ್ಕೊಮ್ಮೆ ಅದು ಮರಳಿ ಬರುತ್ತದೆ. ಶುಕ್ಲ 1509ರಲ್ಲೂ ಬಂದಿತ್ತು, 1989ರಲ್ಲೂ ಬಂತು. ತಗಡಿನವರು ಈ ಚಕ್ರವನ್ನು ಇಪ್ಪತ್ತು ವರ್ಷಕ್ಕೆ ಇಳಿಸಿದ್ದಾರೆ. ಐಇಸಿ 60062 ಎಂಬ ಮಾನದಂಡ ರೆಸಿಸ್ಟರ್, ಕೆಪಾಸಿಟರ್‌ಗಳಿಗೆಂದು ಬರೆದ ಪಂಚಾಂಗ. ಅದರಲ್ಲಿ ವರ್ಷಕ್ಕೊಂದು ಇಂಗ್ಲಿಷ್ ಅಕ್ಷರ: ಎ ಅಂದರೆ 2010, ಬಿ ಅಂದರೆ 2011, ಎಕ್ಸ್ ಅಂದರೆ 2029, 2030ಕ್ಕೆ ಮತ್ತೆ ಎ. ಐ ಮತ್ತು ಓ ಅಕ್ಷರಗಳನ್ನು ಒಂದು, ಸೊನ್ನೆ ಅಂದುಕೊಂಡಾರೆಂದು ವರ್ಷದ ಪಟ್ಟಿಯಿಂದ ಹೊರಗಿಟ್ಟರು. ಆದರೆ ತಿಂಗಳಿಗೆ ಬಂದಾಗ ಅಕ್ಟೋಬರ್‌ಗೆ ಅದೇ ಓ ಕೊಟ್ಟರು. ಇಂಥ ಶಾಸ್ತ್ರನಿಷ್ಠೆ ನಮ್ಮ ಪಂಚಾಂಗದವರಲ್ಲೂ ಅಪರೂಪ.

ಸಂಡೂರಿನ ಪಾಠಸಮಸ್ಯೆ ಇನ್ನೂ ಜಟಿಲ. ಅದಿರು ಲಾರಿಯ ಟೈರಿನ ಮೇಲೆ 2013 ಎಂದಿದ್ದರೆ ಅದು 2013ರ 20ನೇ ವಾರ. ಅದೇ ಲಾರಿ ತೂಗುವ ವೇಬ್ರಿಜ್‌ನ ಬೋರ್ಡಿನೊಳಗಿನ ಚಿಪ್ಪಿನ ಮೇಲೆ 2013 ಎಂದಿದ್ದರೆ ಸಾಮಾನ್ಯವಾಗಿ ಅದು 2020ರ 13ನೇ ವಾರ. ಟೈರಿನವರದು ಒಂದು ಸಂಪ್ರದಾಯ, ಚಿಪ್ಪಿನವರದು ಇನ್ನೊಂದು. ಲಾರಿ ಡ್ರೈವರು ಎರಡೂ ಪಂಥಕ್ಕೆ ಸೇರದೆ ಚಹಾ ಕುಡಿಯುತ್ತಿರುತ್ತಾನೆ.

ಸಂಖ್ಯೆ ಯಾರದು ಎಂಬುದು ಮೀಮಾಂಸೆಯ ಪ್ರಶ್ನೆ. ತುಂಗಭದ್ರಾ ಅಣೆಕಟ್ಟೆಗೆ 33 ಗೇಟು. 2024ರ ಆಗಸ್ಟ್ 10ರ ರಾತ್ರಿ ಚೈನ್ ಹರಿದು 19ನೇ ಗೇಟು ಕೊಚ್ಚಿಹೋಯಿತು. ಗೇಟು ಹೋಯಿತು, 19 ಹೋಗಲಿಲ್ಲ. ಅಲ್ಲಿ ಏನು ಕೂರಿಸಿದರೂ ಅದು 19ನೆಯದೇ. ಪಂಪ್‌ಸೆಟ್ಟಿನ ಕರೆಂಟ್ ಸಂಪರ್ಕದ ಆರ್.ಆರ್. ನಂಬರ್ ಕೂಡ ಹೀಗೇ: ಮೋಟಾರು ನಾಲ್ಕು ಸಲ ಸುಟ್ಟರೂ ಬಿಲ್ಲು ಅದೇ ನಂಬರಿಗೆ ಬರುತ್ತದೆ. ಸೀರಿಯಲ್ ನಂಬರ್ ಹಾಗಲ್ಲ. ಮಾಡೆಲ್ ನಂಬರ್ ಗೋತ್ರವಾದರೆ ಇದು ಹೆಸರು; ದೇಹದ ಜೊತೆ ಹುಟ್ಟಿ ದೇಹದ ಜೊತೆ ಸಾಯುವಂಥದು. ಒಂದು ಡಬ್ಬಿಯ ಮುಚ್ಚಳ ಇನ್ನೊಂದಕ್ಕೆ ಹಾಕಿದರೆ ಹೊರಗಿನ ಸ್ಟಿಕರಿಗೂ ಒಳಗಿನ ಮೆಮರಿಯಲ್ಲಿ ಬರೆದ ನಂಬರಿಗೂ ತಾಳೆಯಾಗುವುದಿಲ್ಲ. ಶಾಸನತಜ್ಞರು ಇದನ್ನೇ ಕೂಟಶಾಸನ ಎನ್ನುವುದು.

ಸರಣಿ ಒಂದರಿಂದಲೇ ಶುರುವಾಗಬೇಕೆಂಬ ನಿಯಮವೂ ಇಲ್ಲ. ಎರಡನೇ ಮಹಾಯುದ್ಧದಲ್ಲಿ ಜರ್ಮನ್ ಟ್ಯಾಂಕುಗಳ ಸೀರಿಯಲ್ ನಂಬರ್ ನೋಡಿಯೇ ಮಿತ್ರಪಕ್ಷದವರು ತಿಂಗಳಿಗೆಷ್ಟು ಟ್ಯಾಂಕು ತಯಾರಾಗುತ್ತಿವೆ ಎಂದು ಗೂಢಚಾರರಿಗಿಂತ ಸರಿಯಾಗಿ ಲೆಕ್ಕ ಹಾಕಿದರು. ನಮ್ಮ ಪೇಟೆಯ ಅಂಗಡಿಕಾರನಿಗೆ ಈ ಅಪಾಯ ಮೊದಲೇ ಗೊತ್ತು. ಅವನ ಬಿಲ್ ಬುಕ್ಕು 101ರಿಂದ ಶುರು. ಮೊದಲ ಗಿರಾಕಿಗೆ ತಾನು ಮೊದಲಿಗನೆಂದು ತಿಳಿಯಬಾರದು.

ಈಗ ಕ್ಷೇತ್ರಕಾರ್ಯ. 2025ರ ಬೇಸಿಗೆಯಲ್ಲಿ ಕಂಪ್ಲಿಯಲ್ಲಿರುವ ನಮ್ಮ ಷಡ್ಡಕನ ಗಿರಣಿಯ ಡ್ರೈವು, ಅಂದರೆ ಮೋಟಾರಿನ ವೇಗ ಏರಿಸಿ ಇಳಿಸುವ ಡಬ್ಬಿ, ಕೆಟ್ಟು ನಿಂತಿತು. ಒಳಗಿನ ಕಾರ್ಡು ಬೇಕಾದರೆ ಸೀರಿಯಲ್ ನಂಬರ್ ತನ್ನಿ ಎಂದು ಹೊಸಪೇಟೆಯ ಅಂಗಡಿಯವರು ಹೇಳಿದ್ದರು. ತಗಡಿನ ಮೇಲೆ ನಂಬರ್ ಕಾಣಲಿಲ್ಲ. ಆಯುಧಪೂಜೆಯ ಕುಂಕುಮ ಗಟ್ಟಿಯಾಗಿ ಕೂತಿತ್ತು. ಉಗುರಿನಿಂದ ಪದರ ಪದರವಾಗಿ ಎಬ್ಬಿಸಿದೆ. ಕೆಂಪು, ತೌಡಿನ ಧೂಳು, ಮತ್ತೆ ಕೆಂಪು: ಒಟ್ಟು ಏಳು ಕೆಂಪು ಪದರ. ಆಮೇಲೆ ಬೀಡಿಕಟ್ಟಿನ ಕಾಗದ ಇಟ್ಟು ಪೆನ್ಸಿಲ್ ಉಜ್ಜಿ ಪಡಿಯಚ್ಚು ತೆಗೆದೆ. ಮೊದಲಿಗೆ 1, ಪಕ್ಕದಲ್ಲಿ ಬಿ, ಆಮೇಲೆ ಅಂಕಿಗಳು.

ಬಿ ಅಂದರೆ 2011. ಪದರ ಮಾತ್ರ ಏಳು. ಆದ್ದರಿಂದ ಈ ಮನೆತನದಲ್ಲಿ ಹಲವು ವರ್ಷ ಪೂಜೆ ನಿಂತಿತ್ತು, ಬಹುಶಃ ಬರಗಾಲದಿಂದ, ಎಂದು ಅಲ್ಲೇ ನಿರ್ಣಯಿಸಿ ಹೇಳಿದೆ. ಷಡ್ಡಕನ ತಾಯಿ ಮೊರ ಕೆಳಗಿಟ್ಟರು.

“ತಂದಾಗಿಂದ ಒಂದ್ ವರ್ಷನೂ ಪೂಜಿ ತಪ್ಪಿಲ್ಲಪ್ಪ. ನೀ ಯಾಕ ಕುಂಕುಮ ಕೆರೆದಿ?”

ಮೌಖಿಕ ಪರಂಪರೆ ನಂಬಲರ್ಹವಲ್ಲ ಎಂದು ಟಿಪ್ಪಣಿ ಮಾಡಿಕೊಂಡು ಹೊಸಪೇಟೆ ಬಸ್ಸು ಹತ್ತಿದೆ.

ಅಂಗಡಿಯ ಹುಡುಗ ಕಾಗದವನ್ನು ಬೆಳಕಿಗೆ ಹಿಡಿದ. “ಬಿ ಅಲ್ರೀ ಸಾರ್, ಎಂಟು. ಈ ಕಂಪನಿಯಾಗ ಮೊದಲಿನ ಎರಡಂಕಿನೇ ವರ್ಷ. ಕೊನೇದು ಆರೋ ಸೊನ್ನೆಯೋ, ಅದೊಂದು ನೋಡ್ಕಂಡು ಬರ್ರಿ.”

ಮತ್ತೆ ಕಂಪ್ಲಿ. ತಗಡಿನ ಮೇಲೆ ಹಸಿ ಕುಂಕುಮ ಹಚ್ಚಿತ್ತು, ಹೆಬ್ಬೆಟ್ಟಿನಷ್ಟು ದಪ್ಪ, ಸರಿಯಾಗಿ ಕೊನೆಯ ಅಂಕಿಯ ಮೇಲೆ. ಅಮ್ಮ ಬಾಗಿಲಲ್ಲೇ ಕೂತು ಅಕ್ಕಿ ಕೇರುತ್ತಿದ್ದರು.