ಮಕರ ಮಹಾಶಯರಿಗೆ ದೇವದುರ್ಗದಿಂದ ಒಂದು ಅರ್ಜಿ

ಗೆ,
ಶ್ರೀ ಮಕರ ಅವರು,
ವರುಣದೇವರ ವಾಹನ, ಮನ್ಮಥನ ಧ್ವಜ ಹಾಗೂ ಹತ್ತನೇ ರಾಶಿ (ಹೆಚ್ಚುವರಿ ಪ್ರಭಾರ),
ಸಮುದ್ರ.

ವಿಷಯ: ಕಾಲವನ್ನು ತಡ ಮಾಡುವ ವಿದ್ಯೆಯಲ್ಲಿ ತಮಗೆ ಉಚಿತ ತರಬೇತಿ ನೀಡುವ ಕುರಿತು.

ಮಾನ್ಯರೇ,

ಆನೆಯ ಸೊಂಡಿಲು, ಮೊಸಳೆಯ ಬಾಯಿ, ಮೀನಿನ ಮೈ, ನವಿಲಿನ ಬಾಲ. ಸಮ್ಮಿಶ್ರ ಸರ್ಕಾರದಂಥ ತಮ್ಮ ದೇಹವನ್ನು ಯಾವ ಕಡಲಿನಲ್ಲೂ ಯಾವ ಬೆಸ್ತನೂ ಕಂಡಿಲ್ಲ. ಆದರೂ ಚಾಲುಕ್ಯರ ಶಿಲ್ಪಿಗಳು ತಮ್ಮನ್ನು ಗುಡಿಯ ತೋರಣದ ಎರಡೂ ತುದಿಗೆ ಕೂಡಿಸಿದರು. ಜೋಯಿಸರು ಸೂರ್ಯನನ್ನೇ ತಮ್ಮ ಮನೆಗೆ ಕಳಿಸಿ, ಇಲ್ಲಿಂದ ಉತ್ತರಾಯಣ ಎಂದುಬಿಟ್ಟರು. ಬ್ಯಾಬಿಲೋನಿನವರಿಗೆ ಅದೇ ನಕ್ಷತ್ರಗಳಲ್ಲಿ ಮೀನಿನ ಬಾಲದ ಮೇಕೆ ಕಂಡಿತಂತೆ. ಅದು ಅವರ ಕಣ್ಣು. ಇಲ್ಲದ ಪ್ರಾಣಿಯೊಂದು ಇಷ್ಟು ಮಂದಿಗೆ ವರ್ಷಾ ವರ್ಷಾ ರಜೆ ಕೊಡಿಸುವುದು ಸಣ್ಣ ಮಾತಲ್ಲ.

ಆದರೆ ತಮ್ಮ ಸೇವಾ ಪುಸ್ತಕದಲ್ಲಿ ಒಂದು ಆಕ್ಷೇಪಣೆ ಇದೆ. ಸೂರ್ಯ ಉತ್ತರಕ್ಕೆ ಹೊರಳುವುದು ಡಿಸೆಂಬರ್ 21–22ಕ್ಕೆ; ತಾವು ಸಂಕ್ರಾಂತಿ ಹಬ್ಬ ಮಾಡಿಸುವುದು ಜನವರಿ 14–15ಕ್ಕೆ. ಸುಮಾರು 1,700 ವರ್ಷಗಳ ಹಿಂದೆ ಎರಡೂ ಕೂಡಿಯೇ ಬರುತ್ತಿದ್ದವು. ಭೂಮಿಯ ಅಕ್ಷ ಬುಗುರಿಯ ಹಾಗೆ ಓಲಾಡುವುದರಿಂದ 72 ವರ್ಷಕ್ಕೆ ಒಂದು ದಿನದಂತೆ ಜಾರಿ, ಈಗ 24 ದಿನ ಬಾಕಿ ಬಿದ್ದಿದೆ. ಹದಿನೇಳು ಶತಮಾನ ದುಡಿದು ಇಪ್ಪತ್ನಾಲ್ಕೇ ದಿನ! ನಮ್ಮಲ್ಲಿ ಇದಕ್ಕೆ ತಡ ಅನ್ನುವುದಿಲ್ಲ, ತತ್ಕಾಲ್ ಅನ್ನುತ್ತಾರೆ.

ನಮ್ಮ ಸೀಮೆಯ ಬೋಣಿಯೇ ತಮ್ಮ ದಾಖಲೆಯನ್ನು ಅಳಿಸಿತು. ದೇಶಕ್ಕೆ 1947ರ ಆಗಸ್ಟ್ 15ಕ್ಕೆ ಬಂದ ಸ್ವಾತಂತ್ರ್ಯ ನಿಜಾಮನ ರಾಜ್ಯದೊಳಗಿದ್ದ ನಮಗೆ ಮುಟ್ಟಿದ್ದು 1948ರ ಸೆಪ್ಟೆಂಬರ್ 17ಕ್ಕೆ. ಹದಿಮೂರು ತಿಂಗಳು. ಮುನಿರಾಬಾದ್–ಮೆಹಬೂಬನಗರ ರೈಲು ಮಾರ್ಗ ಮಂಜೂರಾದದ್ದು 1997–98ರಲ್ಲಿ. ಸಿಂಧನೂರಿಗೆ ಅದು ಬಂದದ್ದು 2024ರಲ್ಲಿ, ಮಾನ್ವಿಯವರು ಇನ್ನೂ ದಾರಿ ನೋಡುತ್ತಿದ್ದಾರೆ. ಏಮ್ಸ್ ಬೇಕೆಂದು ರಾಯಚೂರಿನಲ್ಲಿ 2022ರ ಮೇ ತಿಂಗಳಲ್ಲಿ ಕೂತ ಧರಣಿ ಸಾವಿರ ದಿನ ದಾಟಿತು. ನಂಜುಂಡಪ್ಪ ಸಮಿತಿ 2002ರಲ್ಲೇ ದೇವದುರ್ಗವನ್ನು ಅತ್ಯಂತ ಹಿಂದುಳಿದ ತಾಲ್ಲೂಕುಗಳ ಪಟ್ಟಿಗೆ ಸೇರಿಸಿತು. ಆ ಪಟ್ಟಿಯಲ್ಲಿ ಮಾತ್ರ ನಮ್ಮ ಹೆಸರು ತಡವಾಗಲಿಲ್ಲ.

ಕಾಲುವೆಯ ಕಥೆ ಬೇರೆ. ನಾರಾಯಣಪುರ ಬಲದಂಡೆಯ ನೀರಿಗೆ ವಾರಬಂದಿ ಎಂಬ ಪಂಚಾಂಗವಿದೆ. ಇಷ್ಟು ದಿನ ಬಿಡುವುದು, ಇಷ್ಟು ದಿನ ಬಂದ್. ತಲೆಯ ಕಡೆಯವರಿಗೆ ನೀರು, ಬಾಲದ ಕಡೆಯವರಿಗೆ ತಾರೀಖು. ಮೆಣಸಿನಗಿಡ ಕಾಯಿ ಹಿಡಿದು ನಿಂತಾಗ ಅದಕ್ಕೆ ತಾರೀಖು ಕುಡಿಸಲು ಬರುವುದಿಲ್ಲ. ಇಡೀ ಕೃಷ್ಣೆಯ ಪಾಲನ್ನು ಹಂಚಿದ ಬ್ರಿಜೇಶ್ ಕುಮಾರ್ ನ್ಯಾಯಮಂಡಳಿ 2010ರಲ್ಲಿ ತೀರ್ಪು ಕೊಟ್ಟಿತು, 2013ರಲ್ಲಿ ಮತ್ತೊಮ್ಮೆ ಕೊಟ್ಟಿತು. ಗೆಜೆಟ್ಟಿನಲ್ಲಿ ಅದು ಅಚ್ಚಾಗುವುದನ್ನು ಕಾಯುತ್ತಾ ಎಷ್ಟೋ ರೈತರು ಹೊಲವನ್ನು ಮಕ್ಕಳಿಗೆ ಪಾಲು ಮಾಡಿ ಕೊಟ್ಟಿದ್ದಾರೆ.

ತಮ್ಮ ಬಳಗದಲ್ಲಿ ಟುರ್ರಿಟಾಪ್ಸಿಸ್ ಎಂಬ ಉಗುರಿಗಿಂತ ಸಣ್ಣ ಜೆಲ್ಲಿ ಮೀನು ಇದೆಯಲ್ಲ, ಪೆಟ್ಟಾದರೆ, ಹಸಿದರೆ ಮುಪ್ಪು ಬಿಟ್ಟು ಮತ್ತೆ ಬಾಲ್ಯಕ್ಕೆ ಮರಳುತ್ತದೆಂದು ವಿಜ್ಞಾನಿಗಳು ಬೆರಗಾಗಿದ್ದಾರೆ. ನಮ್ಮ ಕಡತಗಳಿಗೆ ಈ ವಿದ್ಯೆ ಹಳೆಯದು. ಸಾಹೇಬರ ಸಹಿಯವರೆಗೆ ಬೆಳೆದ ಕಡತ, ಒಂದು ಆಕ್ಷೇಪಣೆ ತಾಗಿದ ಕೂಡಲೇ ಕೇಸ್ ವರ್ಕರ್ ಮೇಜಿನ ಮೇಲೆ ಮತ್ತೆ ಹಸುಗೂಸು. ಕಾಲವನ್ನು ಕುಗ್ಗಿಸಲೂ ಬಲ್ಲೆವು: ಹನ್ನೊಂದು ತಿಂಗಳು ಆಗದ ರಸ್ತೆ ಮಾರ್ಚ್ ಕೊನೆಯ ವಾರ ಬಿಲ್ಲಿನಲ್ಲಿ ಮುಗಿಯುತ್ತದೆ.

ಇವೆಲ್ಲ ಮಾಮೂಲು. ತಾವು ಕಲಿಯಬೇಕಾದ ಮೇಲ್ದರ್ಜೆಯ ಪಾಠ ಒಂದು ಕಚೇರಿಯ ಕೌಂಟರಿನಲ್ಲಿ ನಡೆಯಿತು. ಸಂಧ್ಯಾ ಸುರಕ್ಷಾ ಪಿಂಚಣಿ ಕೇಳಲು ಬಂದ ಅಜ್ಜಿ. ಬೆನ್ನು ಬಾಗಿದೆ, ಸೀರೆಯ ಸೆರಗಿಗೆ ಆಧಾರ್ ಕಾರ್ಡ್ ಗಂಟು ಹಾಕಿದ್ದಾಳೆ. ಬಿಚ್ಚಲು ಬೆರಳು ಕೂಡುತ್ತಿಲ್ಲ, ಹಲ್ಲಿನಿಂದ ಬಿಚ್ಚೋಣವೆಂದರೆ ಹಲ್ಲಿಲ್ಲ. ಹಿಂದೆ ನಿಂತವರೇ ಬಿಚ್ಚಿಕೊಟ್ಟರು.

“ಅಮ್ಮಾ, ಇದ್ರಾಗ 1964 ಜನವರಿ 1 ಅಂತ ಐತಿ. ಅರವತ್ತೈದು ಆಗಬೇಕು. ಇನ್ನಾ ಮೂರು ವರ್ಷ ತಡೀರಿ.”

“ಏ ಯಪ್ಪಾ, ರಜಾಕಾರರು ಬಂದಾಗ ನಮ್ಮವ್ವ ನನ್ನ ಹಗೇವಿನಾಗ ಬಚ್ಚಿಟ್ಟಿದ್ಳೋ!”

ಕಂಪ್ಯೂಟರಿಗೆ 1948ರಲ್ಲಿ ನಿಜಾಮನ ಪರ ನಿಂತ ರಜಾಕಾರರೂ ಗೊತ್ತಿಲ್ಲ, ಜೋಳ ತುಂಬಿಡುವ ನೆಲದ ಗುಂಡಿ ಹಗೇವೂ ಗೊತ್ತಿಲ್ಲ. ಅದರ ಲೆಕ್ಕದ ಪ್ರಕಾರ ಈ ಅಜ್ಜಿ ತಾನು ಹುಟ್ಟುವ ಹದಿನಾರು ವರ್ಷ ಮೊದಲೇ ಜೋಳದ ನಡುವೆ ಉಸಿರು ಬಿಗಿಹಿಡಿದು ಕೂತಿದ್ದಳು. ಸಾಲಿನಲ್ಲಿದ್ದ ಉಳಿದ ಮುದುಕರೂ ಹೆಚ್ಚುಕಡಿಮೆ ಜನವರಿ 1ಕ್ಕೇ ಹುಟ್ಟಿದವರು. ಶಾಲೆ ಕಂಡವರಾದರೆ ಹೆಡ್ ಮಾಸ್ತರರು ಬರೆದ ಜೂನ್ 1. ಎರಡೇ ದಿನದಲ್ಲಿ ತಾಲ್ಲೂಕಿಗೆ ತಾಲ್ಲೂಕನ್ನೇ ಹೆರಿಗೆ ಮಾಡಿಸುವ ಶಕ್ತಿ ತಮಗೆ ಉಂಟೇ?

ಸಂಕ್ರಾಂತಿಗೆ ನಾವು ಮೈಗೆ ಎಳ್ಳು ಹಚ್ಚಿಕೊಂಡು ಕೃಷ್ಣೆಯಲ್ಲಿ ಮೀಯುತ್ತೇವೆ, ದಂಡೆಯ ಮೇಲೆ ಸಜ್ಜೆ ರೊಟ್ಟಿ, ಪುಂಡಿ ಪಲ್ಯ ಬಿಚ್ಚುತ್ತೇವೆ. ಆಗಲೇ ಬನ್ನಿ. ಹೊಳೆಯಲ್ಲಿ ತಮ್ಮ ದಾಯಾದಿಗಳಾದ ಅಸಲಿ ಮೊಸಳೆಗಳಿವೆ, ಪಂಪ್‌ಸೆಟ್ ಚಾಲೂ ಮಾಡಲು ಇಳಿಯುವ ರೈತರನ್ನು ಕೇಳಿ ನೋಡಿ, ಹುಷಾರಾಗಿ ಈಜಬೇಕು. ದಂಡೆಗೆ ಹತ್ತಿದ ಮೇಲೆ ಮಾತ್ರ ತಮ್ಮ ಜನ್ಮ ದಿನಾಂಕ ಯಾರಿಗೂ ಹೇಳಬೇಡಿ, ಜನವರಿ 1 ಆಗಿಬಿಡುತ್ತದೆ.

ಕೊನೆಯದಾಗಿ, ಈ ಪತ್ರದ ಪ್ರತಿ ಹೋಗಲಿರುವ ತಾಲ್ಲೂಕು, ಜಿಲ್ಲಾ ಅಧಿಕಾರಿಗಳಲ್ಲಿ ಒಂದು ವಿನಂತಿ, ಇದರಲ್ಲಿ ತಮಾಷೆ ಇಲ್ಲ. ಪಿಂಚಣಿ ಅದಾಲತ್ತನ್ನು ಹಳ್ಳಿಯ ಕಟ್ಟೆಗೇ ತನ್ನಿ. ರಜಾಕಾರರ ಗಲಾಟೆ ಕಂಡವರು ಯಾರೆಂದು ಕೂಗಿ ಕೇಳಿ. ಕೈ ಎತ್ತಿದವರಿಗೆ ಅರವತ್ತೈದು ಯಾವಾಗಲೋ ಆಗಿದೆ. ಅವರಿಗೆ ಬರಬೇಕಾದದ್ದು ತಿಂಗಳಿಗೆ 1,200 ರೂಪಾಯಿ.

ಇಂತಿ ತಮ್ಮ ವಿಶ್ವಾಸಿ,
ಜೂನ್ 1ಕ್ಕೆ ಹುಟ್ಟಿದ ಒಬ್ಬ ದೇವದುರ್ಗದವನು